ಗೋಖಲೆ ಗುರುವೋ, ಅಂಜುಬುರುಕರೋ? ಎರಡು ಪುಸ್ತಕ ಓದಿದವರ ಗೊಂದಲ

ಪ್ರಶ್ನೆ: ನಾನು ಧಾರವಾಡದವನು, ಬ್ಯಾಂಕಿನಿಂದ ನಿವೃತ್ತ. ಮಗಳು ಬಿ.ಎ.ಗೆ ಇತಿಹಾಸ ತೆಗೆದುಕೊಂಡಿದ್ದಾಳೆ. ಅವಳ ನೆಪದಲ್ಲಿ ನಾನೂ ಓದಲು ಶುರುಮಾಡಿದೆ. ಗೋಪಾಲಕೃಷ್ಣ ಗೋಖಲೆಯವರ ಮೇಲೆ ಎರಡು ಪುಸ್ತಕ ಮುಗಿಸಿದೆ. ಒಂದರಲ್ಲಿ ಅವರು ಗಾಂಧೀಜಿಯ ರಾಜಕೀಯ ಗುರು, ಋಷಿಯಂಥವರು. ಇನ್ನೊಂದರಲ್ಲಿ ಸರ್ಕಾರದ ಮುಂದೆ ಕ್ಷಮೆ ಕೇಳಿದ ಅಂಜುಬುರುಕರು, ತಿಲಕರ ಕಾಲಿಗೆ ತೊಡರಿಕೊಂಡವರು. ಒಬ್ಬನೇ ಮನುಷ್ಯನ ಬಗ್ಗೆ ಇಬ್ಬರು ಹೀಗೆ ಬರೆದರೆ ಯಾರನ್ನು ನಂಬುವುದು? ಮಗಳಿಗೆ ಯಾವ ಪುಸ್ತಕ ಕೊಡಲಿ?

ಉತ್ತರ: ನೀವು ಹೇಳಿದ ಎರಡೂ ಪುಸ್ತಕಗಳನ್ನು ನಾನು ಓದಿದ್ದೇನೆ. ಅವುಗಳ ಹೆಸರು ಇಲ್ಲಿ ಬೇಡ. ಎರಡರಲ್ಲೂ ಇದು ಸುಳ್ಳು ಎಂದು ಬೆರಳಿಟ್ಟು ತೋರಿಸಬಹುದಾದ ಸಾಲುಗಳು ಹೆಚ್ಚಿಲ್ಲ. ತಾರೀಖು ಸರಿಯಿದೆ, ಊರು ಸರಿಯಿದೆ, ಭಾಷಣ ಸರಿಯಿದೆ. ಆದರೂ ಇಬ್ಬರು ಬೇರೆ ಬೇರೆ ಮನುಷ್ಯರು ಎದ್ದು ಬಂದಿದ್ದಾರೆ. ರಾಜಕಾರಣಿಯ ಜೀವನ ಚರಿತ್ರೆಯಲ್ಲಿ ಓದುಗ ಮೋಸಹೋಗುವುದು ಸುಳ್ಳಿನಿಂದ ಕಡಿಮೆ. ಯಾವುದಕ್ಕೆ ಹತ್ತು ಪುಟ, ಯಾವುದಕ್ಕೆ ಅರ್ಧ ಸಾಲು ಎಂಬ ಹಂಚಿಕೆಯಲ್ಲೇ ಎಲ್ಲ ನಡೆದುಹೋಗಿರುತ್ತದೆ. ಆದ್ದರಿಂದ ಇಂಥ ಪುಸ್ತಕ ಕೈಗೆ ಬಂದರೆ ನಾನು ಮೊದಲ ಪುಟದಿಂದ ಓದುವುದಿಲ್ಲ. ಆ ಮನುಷ್ಯನ ಬದುಕಿನಲ್ಲಿ ತೀರ ಕೆಟ್ಟದಾಗಿ ಹೋದ ತಿಂಗಳು ಯಾವುದು ಎಂದು ಲೆಕ್ಕ ಹಾಕಿ ನೇರ ಅಲ್ಲಿಗೆ ಹೋಗುತ್ತೇನೆ. ಗೋಖಲೆಯವರ ಮಟ್ಟಿಗೆ ಅದು 1897ರ ಜುಲೈ ಕೊನೆ, ಆಗಸ್ಟ್ ಮೊದಲು.

ನಿಮ್ಮ ಎರಡನೆಯ ಪುಸ್ತಕ ಎತ್ತಿ ಆಡಿದ ಕ್ಷಮೆ ಅದೇ. ಮೊದಲನೆಯದರಲ್ಲಿ ಅದು ಎಲ್ಲಿದೆ ಎಂದು ಹುಡುಕಿ ನೋಡಿ, ಒಂದು ಪ್ಯಾರಾದೊಳಗೆ ಅಡಗಿ ಕೂತಿರುತ್ತದೆ. ನಡೆದದ್ದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ನಿಮ್ಮ ಪ್ರಶ್ನೆಗೆ ಉತ್ತರ ಇರುವುದೇ ಇದರಲ್ಲಿ.

ಆ ವರ್ಷ ಗೋಖಲೆಯವರಿಗೆ ಮೂವತ್ತೊಂದು. ಪುಣೆಯ ಫರ್ಗ್ಯುಸನ್ ಕಾಲೇಜಿನ ಮೇಷ್ಟ್ರು. ಭಾರತದ ಖರ್ಚುವೆಚ್ಚದ ವಿಚಾರಣೆಗೆಂದು ಲಂಡನ್ನಿನಲ್ಲಿ ಕೂತಿದ್ದ ವೆಲ್ಬಿ ಆಯೋಗದ ಮುಂದೆ ಸಾಕ್ಷಿ ಹೇಳಲು ಹೋಗಿದ್ದರು. ಆ ಆಯೋಗದಲ್ಲಿ ದಾದಾಭಾಯಿ ನವರೋಜಿ ಸದಸ್ಯರಾಗಿದ್ದರು. ಅಧಿಕಾರಿಗಳ ಪಾಟೀಸವಾಲಿಗೆ ತರುಣ ಮೇಷ್ಟ್ರು ಅಂಕಿಅಂಶ ಹಿಡಿದು ಉತ್ತರ ಕೊಟ್ಟ ರೀತಿಗೆ ಎಲ್ಲರೂ ತಲೆದೂಗಿದರು. ಇತ್ತ ಪುಣೆಯಲ್ಲಿ ಪ್ಲೇಗು. ರೋಗಿಗಳನ್ನು ಹುಡುಕಲು ಗೋರಾ ಸೈನಿಕರನ್ನು ಮನೆಮನೆಗೆ ನುಗ್ಗಿಸಿದ್ದರು. ಅಡುಗೆಮನೆ, ದೇವರಮನೆ ಯಾವುದಕ್ಕೂ ಅಡ್ಡಿಯಿಲ್ಲ. ಹೆಂಗಸರನ್ನು ಬೀದಿಯಲ್ಲಿ ನಿಲ್ಲಿಸಿ ಪರೀಕ್ಷೆ. ಊರು ಕುದಿಯುತ್ತಿತ್ತು. ಜೂನ್ 22ರ ರಾತ್ರಿ ಪ್ಲೇಗ್ ಸಮಿತಿಯ ಮುಖ್ಯಸ್ಥ ರ‍್ಯಾಂಡ್ ಮೇಲೆ ಚಾಪೇಕರ್ ಸಹೋದರರು ಗುಂಡು ಹಾರಿಸಿದರು.

ಗೋಖಲೆಯವರ ಕೈಯಲ್ಲಿ ಪುಣೆಯ ಸ್ನೇಹಿತರ ಪತ್ರಗಳಿದ್ದವು. ಸೈನಿಕರು ಇಬ್ಬರು ಹೆಂಗಸರ ಮಾನಭಂಗ ಮಾಡಿದರು, ಅವರಲ್ಲಿ ಒಬ್ಬಾಕೆ ಪ್ರಾಣ ಕಳೆದುಕೊಂಡಳು ಎಂಬ ಮಾತು ಅವುಗಳಲ್ಲಿತ್ತು. ಬರೆದವರು ನಂಬಿಗಸ್ಥರು ಎಂಬ ಧೈರ್ಯದ ಮೇಲೆ ಗೋಖಲೆ ಅದನ್ನು ಮ್ಯಾಂಚೆಸ್ಟರ್ ಗಾರ್ಡಿಯನ್ ಪತ್ರಿಕೆಗೆ ಹೇಳಿದರು, ಪಾರ್ಲಿಮೆಂಟಿನ ಸದಸ್ಯರ ಮುಂದೂ ಇಟ್ಟರು. ಮುಂಬಯಿ ಸರ್ಕಾರ ಸಾರಾಸಗಟಾಗಿ ಅಲ್ಲಗಳೆಯಿತು. ಊರಿಗೆ ಮರಳಿ, ಸಾಕ್ಷಿ ಕೊಡಿ ಎಂದು ಕೇಳಿದರೆ ಪತ್ರ ಬರೆದವರು ಯಾರೂ ಮುಂದೆ ಬರಲಿಲ್ಲ. ಬರುವುದಾದರೂ ಹೇಗೆ? ಅಧಿಕಾರಿಯ ಕೊಲೆಯಾಗಿದೆ, ಊರ ತುಂಬ ಪೊಲೀಸರು, ಜುಲೈ 27ಕ್ಕೆ ತಿಲಕರನ್ನೇ ರಾಜದ್ರೋಹದ ಮೇಲೆ ಹಿಡಿದಾಗಿದೆ. ಕೊನೆಗೆ ಗೋಖಲೆ ಯಾವ ಷರತ್ತೂ ಇಲ್ಲದ ಕ್ಷಮಾಪಣೆಯನ್ನು ಅಚ್ಚುಹಾಕಿಸಿದರು. ಗವರ್ನರಿಗೆ, ಪ್ಲೇಗ್ ಸಮಿತಿಗೆ, ಸೈನಿಕರಿಗೆ, ಮೂವರಿಗೂ. ಪತ್ರ ಬರೆದವರ ಹೆಸರನ್ನು ಮಾತ್ರ ಹೊರಗೆ ಬಿಡಲಿಲ್ಲ.

ಇನ್ನು ಇದನ್ನು ಮೂರು ಬಗೆಯ ಬರಹಗಾರರು ಹೇಗೆ ಹೇಳುತ್ತಾರೆ ನೋಡಿ. ಭಕ್ತನ ಕೈಯಲ್ಲಿ ಇದು ಸತ್ಯಸಂಧತೆಯ ಕಥೆ: ರುಜುವಾತು ಸಿಗಲಿಲ್ಲ, ಆದ್ದರಿಂದ ಸಜ್ಜನನಾದವನು ಮಾಡಬೇಕಾದ್ದನ್ನು ಮಾಡಿದ, ಮುಂದಿನ ಅಧ್ಯಾಯ. ವಿರೋಧಿಯ ಕೈಯಲ್ಲಿ ಇದು ಶರಣಾಗತಿ. ಅದೇ ವರ್ಷ, ಅದೇ ಊರಿನ ತಿಲಕರು, ಕ್ಷಮೆ ಕೇಳಿ ಪಾರಾಗಿ ಎಂದ ಸ್ನೇಹಿತರ ಮಾತನ್ನು ತಳ್ಳಿಹಾಕಿ ಹದಿನೆಂಟು ತಿಂಗಳ ಸಜೆಗೆ ಒಳಗಾದರು. ಆ ಹೋಲಿಕೆ ಇಟ್ಟುಬಿಟ್ಟರೆ ವಿರೋಧಿ ಮತ್ತೇನೂ ಬರೆಯಬೇಕಿಲ್ಲ, ಓದುಗನೇ ತೀರ್ಪು ಕೊಟ್ಟುಬಿಡುತ್ತಾನೆ. ಮೂರನೆಯವನು ಸ್ವಲ್ಪ ನಿಧಾನಿ. ಪತ್ರಗಳಲ್ಲಿದ್ದ ಆರೋಪ ಸುಳ್ಳಾಗಿತ್ತೇ, ಇಲ್ಲ ಸಾಕ್ಷಿ ಹೇಳುವವರು ಮಾತ್ರ ಇರಲಿಲ್ಲವೇ ಎಂದು ಕೇಳುತ್ತಾನೆ. ಈ ಎರಡರ ನಡುವೆ ಎಷ್ಟು ದೂರವಿದೆ! ರುಜುವಾತಿಲ್ಲ ಎಂದು ಮಾತು ಹಿಂತೆಗೆದುಕೊಳ್ಳುವುದು ಬೇರೆ, ಸೈನಿಕರು ನಿರ್ದೋಷಿಗಳು ಎಂದು ಅವರಿಗೇ ಕ್ಷಮೆ ಹೇಳುವುದು ಬೇರೆ. ಗೋಖಲೆ ಎರಡನೆಯದನ್ನೂ ಮಾಡಿದರು. ಅಷ್ಟು ದೂರ ಹೋಗಬೇಕಾಗಿರಲಿಲ್ಲ ಎಂದು ನನ್ನ ಅಭಿಪ್ರಾಯ. ಸ್ನೇಹಿತರ ಹೆಸರು ಕೊಟ್ಟಿದ್ದರೆ ತಾನು ಹಗುರಾಗಬಹುದಿತ್ತು, ಕೊಡಲಿಲ್ಲ ಎಂಬುದೂ ಅಷ್ಟೇ ನಿಜ. ಹೆದರಿಕೆ, ಮರ್ಯಾದೆ ಎರಡೂ ಒಂದೇ ವಾರದಲ್ಲಿ ಒಬ್ಬನೊಳಗೇ ಇದ್ದವು. ನಿಮ್ಮ ಮೊದಲ ಪುಸ್ತಕದಲ್ಲಿ ಆ ಹೆದರಿಕೆ ಇಲ್ಲ, ಎರಡನೆಯದರಲ್ಲಿ ಆ ಮರ್ಯಾದೆ ಇಲ್ಲ.

ಆಮೇಲೆ ಏನಾಯಿತು ಎಂಬುದನ್ನೂ ಎರಡು ಪುಸ್ತಕಗಳೂ ಬೇಗ ದಾಟುತ್ತವೆ. ಡಿಸೆಂಬರಿನ ಅಮರಾವತಿ ಕಾಂಗ್ರೆಸ್ಸಿನಲ್ಲಿ ಅವರ ಮೇಲಿನ ಅಸಮಾಧಾನ ಎದ್ದು ಕಾಣುತ್ತಿತ್ತು. ಪುಣೆಯಲ್ಲಿ ಅವರು ಮಾಡಿದ ಕೆಲಸವೆಂದರೆ ಪ್ಲೇಗಿನ ಪರಿಹಾರ ಕಾರ್ಯಕ್ಕೆ ಸ್ವಯಂಸೇವಕರಾಗಿ ನಿಂತದ್ದು. ಮುಂದೆ ಅವರ ಒಂದೊಂದು ಮಾತಿನ ಹಿಂದೆಯೂ ಸರ್ಕಾರದ್ದೇ ಕಡತ, ಸರ್ಕಾರದ್ದೇ ಅಂಕಿ ಇರುತ್ತಿತ್ತಲ್ಲ, ಆ ಅಭ್ಯಾಸಕ್ಕೆ 1897ರ ಪೆಟ್ಟೂ ಒಂದು ಕಾರಣ ಎಂದು ನಾನು ಊಹಿಸುತ್ತೇನೆ. ಇದು ಊಹೆ, ಹಾಗೆಯೇ ತೆಗೆದುಕೊಳ್ಳಿ. ಜೀವನ ಚರಿತ್ರೆಕಾರನೂ ಊಹಿಸಬಹುದು. ಊಹಿಸುತ್ತಿದ್ದೇನೆ ಎಂದು ಹೇಳಿ ಊಹಿಸಿದರೆ ನನಗೆ ತಕರಾರಿಲ್ಲ.

ಊಹೆಯನ್ನು ಸಂಗತಿಯ ವೇಷದಲ್ಲಿ ತರುವ ಜಾಗವೆಂದರೆ ಬಾಲ್ಯದ ಅಧ್ಯಾಯ. ನಿಮ್ಮ ಮೊದಲ ಪುಸ್ತಕದಲ್ಲಿ ಆ ಲೆಕ್ಕದ ಕಥೆ ಇದ್ದೇ ಇರುತ್ತದೆ: ಹುಡುಗ ಗೋಪಾಲ ಒಂದು ಲೆಕ್ಕಕ್ಕೆ ಬೇರೆಯವರ ಸಹಾಯ ಪಡೆದಿದ್ದ, ಮೇಷ್ಟ್ರು ಹೊಗಳಿದಾಗ ಅಳುತ್ತಾ ನಿಜ ಹೇಳಿದ. ತಿಲಕರ ಬಗ್ಗೆ ಬರೆದವರೆಲ್ಲ ಕಡಲೆಕಾಯಿ ಕಥೆ ಹೇಳುತ್ತಾರೆ, ನಿಮ್ಮ ಕಡೆಯ ಮಾತಿನಲ್ಲಿ ಶೇಂಗಾ. ತರಗತಿಯಲ್ಲಿ ಸಿಪ್ಪೆ ಬಿದ್ದಿತ್ತು, ಎತ್ತು ಎಂದರು, ನಾನು ತಿಂದಿಲ್ಲ, ನಾನು ಎತ್ತುವುದಿಲ್ಲ ಎಂದ ಬಾಲ. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ಒಬ್ಬ ತಾನಾಗಿ ತಪ್ಪೊಪ್ಪಿಕೊಳ್ಳುವ ಹುಡುಗ, ಇನ್ನೊಬ್ಬ ಮಾಡದ ತಪ್ಪಿಗೆ ಬಗ್ಗದ ಹುಡುಗ. 1897ರ ಆಗಸ್ಟೇ ಚಡ್ಡಿ ಹಾಕಿಕೊಂಡು ಶಾಲೆಗೆ ಬಂದಂತಿದೆಯಲ್ಲ! ಇವು ನಡೆದಿರಲೂಬಹುದು. ಆದರೆ ಸಾವಿರ ದಿನದ ಶಾಲೆಯಲ್ಲಿ ಈ ಒಂದು ದಿನವೇ ಉಳಿದು ಬಂದದ್ದು, ದೊಡ್ಡವರಾದ ಮೇಲೆ ಅವರು ಏನಾದರೆಂದು ನಮಗೆ ಗೊತ್ತಿದ್ದುದರಿಂದ.

ಅದಕ್ಕಿಂತ ನನ್ನ ಮನಸ್ಸಿಗೆ ನಾಟಿದ್ದು ಬೇರೆಯೇ ಒಂದು ಸಂಗತಿ, ಅದರಲ್ಲಿ ನೀತಿಪಾಠವೇನೂ ಇಲ್ಲ. ರತ್ನಾಗಿರಿ ಜಿಲ್ಲೆಯ ಕೋತಳೂಕಿನಲ್ಲಿ 1866ರ ಮೇ 9ರಂದು ಹುಟ್ಟಿದ ಗೋಖಲೆಯವರಿಗೆ ಹದಿಮೂರು ವರ್ಷಕ್ಕೆ ತಂದೆ ತೀರಿಕೊಂಡರು. ತಂದೆ ಇದ್ದದ್ದು ಕಾಗಲಿನಲ್ಲಿ. ಕೊಲ್ಲಾಪುರದ ಆಚೀಚಿನ ಆ ಊರು ನಿಮಗೆ ಗೊತ್ತಿರುತ್ತದೆ, ನಿಪ್ಪಾಣಿ ದಾಟಿದರೆ ಸಿಗುತ್ತದೆ. ಅಣ್ಣ ಗೋವಿಂದರಾಯರು ಓದು ಬಿಟ್ಟು ತಿಂಗಳಿಗೆ ಹದಿನೈದು ರೂಪಾಯಿಯ ಕೆಲಸಕ್ಕೆ ಸೇರಿ, ಅದರಲ್ಲಿ ಎಂಟು ರೂಪಾಯಿ ತಮ್ಮನಿಗೆ ಕಳಿಸುತ್ತಿದ್ದರು. ಉಳಿದ ಏಳರಲ್ಲಿ ಸಂಸಾರ. ಮುಂದೆ ಬಡವನ ಉಪ್ಪಿನ ಮೇಲೆ ಎಷ್ಟು ಕಾಸಿನ ತೆರಿಗೆ ಎಂದು ವೈಸರಾಯರ ಎದುರು ಲೆಕ್ಕ ಒಪ್ಪಿಸಿದ ಮನುಷ್ಯನನ್ನು ತಿಳಿಯಲು ಈ ಎಂಟು ರೂಪಾಯಿ ಸಾಕು. ತಪ್ಪೊಪ್ಪಿಗೆಯ ಕಣ್ಣೀರು ಬೇಕಿಲ್ಲ.

ಆ ಉಪ್ಪಿನ ವಿಷಯಕ್ಕೇ ಬರುತ್ತೇನೆ. 1902ರ ಮಾರ್ಚ್ 26ರಂದು ಗೋಖಲೆ ವೈಸರಾಯರ ಶಾಸನಸಭೆಯಲ್ಲಿ ಮೊದಲ ಬಜೆಟ್ ಭಾಷಣ ಮಾಡಿದರು. ಅಧ್ಯಕ್ಷ ಪೀಠದಲ್ಲಿ ವೈಸರಾಯ್ ಕರ್ಜನ್. ಖಜಾನೆಯಲ್ಲಿ ಕೋಟಿಗಟ್ಟಲೆ ಉಳಿತಾಯ, ದೇಶ ಸುಭಿಕ್ಷವಾಗಿದೆ ಎಂದು ಸರ್ಕಾರ ಬೀಗುತ್ತಿತ್ತು. ಗೋಖಲೆ ಹೇಳಿದ್ದು ಇಷ್ಟು: ರೂಪಾಯಿಯ ಬೆಲೆ ಪೌಂಡಿನೆದುರು ಕುಸಿದಿದ್ದಾಗ, ಲಂಡನ್ನಿಗೆ ಕಟ್ಟಬೇಕಾದ ಹಣ ಹೊಂದಿಸಲು ನೀವು ತೆರಿಗೆ ಏರಿಸಿದಿರಿ. ಯಾರು ಬೆಳ್ಳಿ ತಂದರೂ ರೂಪಾಯಿ ಅಚ್ಚುಹಾಕಿ ಕೊಡುವುದನ್ನು ಟಂಕಸಾಲೆಗಳು ನಿಲ್ಲಿಸಿದ ಮೇಲೆ ರೂಪಾಯಿ ಚೇತರಿಸಿಕೊಂಡು ಒಂದು ಶಿಲಿಂಗ್ ನಾಲ್ಕು ಪೆನ್ಸಿಗೆ ನಿಂತಿತು. ಏರಿಸಿದ ತೆರಿಗೆ ಮಾತ್ರ ಇಳಿಯಲಿಲ್ಲ. ಈ ಉಳಿತಾಯ ಸುಭಿಕ್ಷದ ಗುರುತಲ್ಲ, ಬಡವನಿಂದ ಹೆಚ್ಚಾಗಿ ಕಿತ್ತುಕೊಂಡದ್ದರ ಗುರುತು. ಅದೂ ಕ್ಷಾಮ, ಪ್ಲೇಗುಗಳ ವರ್ಷಗಳಲ್ಲಿ. ಉಪ್ಪಿನ ಮೇಲೆ ಆಗ ಮಣಕ್ಕೆ ಎರಡೂವರೆ ರೂಪಾಯಿ ತೆರಿಗೆಯಿತ್ತು. 1903ರಲ್ಲಿ ಅದು ಎರಡಕ್ಕೆ ಇಳಿಯಿತು, 1905ರಲ್ಲಿ ಒಂದೂವರೆಗೆ, 1907ರಲ್ಲಿ ಒಂದು ರೂಪಾಯಿಗೆ.

ಗುರು ಎಂದವರೂ ಅಂಜುಬುರುಕ ಎಂದವರೂ ಈ ಜಾಗದಲ್ಲಿ ಸೋಲುತ್ತಾರೆ, ಯಾಕೆಂದರೆ ತೆರಿಗೆಯ ಲೆಕ್ಕದಲ್ಲಿ ನಾಟಕವಿಲ್ಲ. ಗುರು ಎಂದವರು ಇಳಿಕೆಯ ಪೂರ್ತಿ ಕೀರ್ತಿಯನ್ನು ಭಾಷಣಕ್ಕೆ ಕಟ್ಟಿ ಮುಗಿಸುತ್ತಾರೆ. ಹುಷಾರಾಗಿ ಓದಬೇಕು. ಉಳಿತಾಯ ಹೆಚ್ಚಾದಾಗ ತೆರಿಗೆ ಇಳಿಸಲು ಸರ್ಕಾರಕ್ಕೆ ತನ್ನದೇ ಕಾರಣಗಳಿರುತ್ತವೆ. ಭಾಷಣದಿಂದ ಎಷ್ಟು, ತಾನಾಗಿ ಎಷ್ಟು ಎಂದು ತಕ್ಕಡಿ ಹಿಡಿಯದವನು ಒಳ್ಳೆಯ ಚರಿತ್ರೆಕಾರನಲ್ಲ. ಅಂಜುಬುರುಕ ಎಂದವರು ಈ ಭಾಷಣಗಳನ್ನೇ ಬಿಟ್ಟುಬಿಡುತ್ತಾರೆ, ಅರ್ಜಿ ಹಾಕುವ ರಾಜಕೀಯ ಎಂದು ಒಂದು ಮಾತಿನಲ್ಲಿ ತಳ್ಳುತ್ತಾರೆ. ಅರ್ಜಿ ಹಾಕುವವನು 1905ರ ಬನಾರಸ್ ಕಾಂಗ್ರೆಸ್ಸಿನ ಅಧ್ಯಕ್ಷ ಪೀಠದಲ್ಲಿ ನಿಂತು ಕರ್ಜನ್ನನ ಆಳ್ವಿಕೆಗೆ ಸಾಟಿ ಬೇಕೆಂದರೆ ಔರಂಗಜೇಬನ ಕಾಲಕ್ಕೆ ಹೋಗಬೇಕು ಎನ್ನುತ್ತಾನೆಯೇ? ಆ ಮಾತು ನಿಮ್ಮ ಎರಡನೆಯ ಪುಸ್ತಕದಲ್ಲಿ ಇದೆಯೇ, ನೋಡಿ ಹೇಳಿ. ನನ್ನ ಪ್ರತಿಯಲ್ಲಿ ನನಗೆ ಸಿಗಲಿಲ್ಲ.

ಇಲ್ಲಿ ಭಾಷೆಯ ಪ್ರಶ್ನೆಯೂ ಇದೆ, ಅದನ್ನು ಯಾರೂ ಹೆಚ್ಚು ಗಮನಿಸುವುದಿಲ್ಲ. ತಿಲಕರು ಉಳಿದಿರುವುದು ಮರಾಠಿಯಲ್ಲಿ, ತಮ್ಮ ಕೇಸರಿ ಪತ್ರಿಕೆಯ ಅಗ್ರಲೇಖನಗಳಲ್ಲಿ. ಗೋಖಲೆ ಉಳಿದಿರುವುದು ಇಂಗ್ಲಿಷಿನಲ್ಲಿ, ಶಾಸನಸಭೆಯ ನಡಾವಳಿಯಲ್ಲಿ. ಸಮಾಜ ಸುಧಾರಕ ಆಗರಕರರ ಜತೆ ಸೇರಿ ಸುಧಾರಕ ಪತ್ರಿಕೆ ನಡೆಸುವಾಗಲೂ ಗೋಖಲೆ ನೋಡಿಕೊಳ್ಳುತ್ತಿದ್ದದ್ದು ಇಂಗ್ಲಿಷ್ ಭಾಗವನ್ನೇ. ಇಬ್ಬರೂ ಚಿತ್ಪಾವನ ಬ್ರಾಹ್ಮಣರು, ಇಬ್ಬರದೂ ರತ್ನಾಗಿರಿಯ ಮೂಲ, ಒಂದೇ ಡೆಕ್ಕನ್ ಎಜುಕೇಶನ್ ಸೊಸೈಟಿಯಲ್ಲಿ ಇಬ್ಬರೂ ಗಣಿತ ಹೇಳಿದವರು, ವಯಸ್ಸಿನಲ್ಲಿ ಹತ್ತು ವರ್ಷ ಅಂತರ. ಆದರೆ ಒಬ್ಬರು ಮಾತಾಡಿದ್ದು ಪೇಟೆಯ ಜನರೊಡನೆ, ಇನ್ನೊಬ್ಬರು ಮಾತಾಡಿದ್ದು ಸರ್ಕಾರದೊಡನೆ. ಚರಿತ್ರೆ ಬರೆಯುವವನು ಯಾವ ಕಪಾಟಿನ ಮುಂದೆ ಕೂತ ಎಂಬುದರ ಮೇಲೆ ನಾಯಕನ ಎತ್ತರ ಬದಲಾಗುತ್ತದೆ. ಮರಾಠಿ ಬಾರದವನ ಪುಸ್ತಕದಲ್ಲಿ ಗೋಖಲೆ ದೊಡ್ಡವರು, ಮರಾಠಿಯೊಂದನ್ನೇ ನೆಚ್ಚಿದವನಲ್ಲಿ ತಿಲಕರು. ನಮ್ಮ ಕನ್ನಡ ನಾಡಿನಲ್ಲೇ ಇದರ ನೆರಳು ಇದೆ. ನಿಮ್ಮ ಮುಂಬಯಿ ಕರ್ನಾಟಕದಲ್ಲಿ ತಿಲಕರ ಗಾಳಿ. ಬೆಳಗಾವಿಗೆ ಹೋದರೆ ತಿಲಕವಾಡಿ. ಆಲೂರು ವೆಂಕಟರಾಯರು ತಿಲಕರ ಗೀತಾರಹಸ್ಯವನ್ನು ಕನ್ನಡಕ್ಕೆ ತಂದರು. ನಮ್ಮ ಹಳೇ ಮೈಸೂರಿನಲ್ಲಿ ಡಿ.ವಿ.ಜಿ.ಯವರು ಗೋಖಲೆಯವರ ಜೀವನ ಬರೆದರು, 1945ರಲ್ಲಿ ಬೆಂಗಳೂರಿನಲ್ಲಿ ಅವರ ಹೆಸರಿನ ಸಾರ್ವಜನಿಕ ವಿಚಾರ ಸಂಸ್ಥೆಯನ್ನೇ ಕಟ್ಟಿದರು. ಬಸವನಗುಡಿಯ ಕಡೆ ಬೆಳೆದ ನನ್ನಂಥವರಿಗೆ ಗೋಖಲೆ ಎಂದರೆ ಮೊದಲು ಒಂದು ಸಭಾಂಗಣ, ಆಮೇಲೆ ಒಬ್ಬ ಮನುಷ್ಯ. ನನ್ನ ಉತ್ತರದಲ್ಲೂ ಆ ಒಲವು ಒಂದಿಷ್ಟು ಇದೆ, ಕಳೆದು ಓದಿಕೊಳ್ಳಿ.

ನಮ್ಮ ಭಾಷೆಯಲ್ಲಿ ಇನ್ನೂ ಒಂದು ತೊಡಕು. ಚರಿತ್ರ ಎಂಬ ಮಾತಿಗೆ ನಡತೆ ಎಂಬ ಅರ್ಥ ಮೊದಲೇ ಅಂಟಿದೆ. ಹರಿಹರನ ರಗಳೆಗಳ ಕಾಲದಿಂದ ನಾವು ಜೀವನ ಬರೆಯುತ್ತಾ ಬಂದಿದ್ದೇವೆ, ಆದರೆ ಶರಣರದು. ಅಲ್ಲಿ ಕಥೆ ಕೈಲಾಸದಿಂದ ಹೊರಟು ಕೈಲಾಸಕ್ಕೇ ಮುಟ್ಟುತ್ತದೆ, ನಡುವೆ ಬಂದ ಕಷ್ಟವೆಲ್ಲ ಶಿವನ ಪರೀಕ್ಷೆ. ಆ ಅಚ್ಚಿನೊಳಗೆ ಒಬ್ಬ ರಾಜಕಾರಣಿಯನ್ನು ಎರೆದರೆ ಸೋತ ಮಸೂದೆ, ಮುರಿದ ಮೈತ್ರಿ, ಆತುರದ ಹೇಳಿಕೆ ಯಾವುದಕ್ಕೂ ಜಾಗವಿಲ್ಲ. ರಾಜಕಾರಣಿಗೆ ನಡತೆಯ ಸರ್ಟಿಫಿಕೇಟು ಕೊಟ್ಟರೆ ಅವನ ರಾಜಕೀಯ ಬಿಟ್ಟೇಹೋಯಿತು.

ಗುರು ಎಂಬ ಪದವಿಯ ಬಗ್ಗೆ ಕೇಳಿದ್ದೀರಿ. ಅದನ್ನು ಕೊಟ್ಟವರು ಶಿಷ್ಯರು. ಗಾಂಧೀಜಿ ಗೋಖಲೆಯವರನ್ನು ಮೊದಲು ಕಂಡದ್ದು 1896ರಲ್ಲಿ, ಪುಣೆಯಲ್ಲಿ. ಮುಂಬಯಿಯ ಕಾಂಗ್ರೆಸ್ ನಾಯಕ ಫಿರೋಜ್‌ಶಾ ಮೆಹ್ತಾ ಹಿಮಾಲಯದಂತೆ, ತಿಲಕರು ಸಮುದ್ರದಂತೆ, ಗೋಖಲೆ ಗಂಗೆಯಂತೆ ಕಂಡರು ಎಂದು ಬರೆದುಕೊಂಡಿದ್ದಾರೆ. ಮುಂದೆ ಕಲ್ಕತ್ತೆಯಲ್ಲಿ ಒಂದು ತಿಂಗಳು ಅವರ ಮನೆಯಲ್ಲೇ ಇದ್ದರು. ಅಲ್ಲಿ ಶಿಷ್ಯ ಕೇಳಿದ ಪ್ರಶ್ನೆ ನೋಡಿ: ನೀವು ಟ್ರಾಮಿನಲ್ಲಿ ಯಾಕೆ ಹೋಗುವುದಿಲ್ಲ, ಕುದುರೆಗಾಡಿಯೇ ಯಾಕೆ? ಗೋಖಲೆಯವರ ಮುಖ ಬಾಡಿತಂತೆ. ಹೆಸರು ಬಂದವನಿಗೆ ಟ್ರಾಮು ಎಷ್ಟು ಕಷ್ಟ ಎಂದು ನಿಮಗೂ ಮುಂದೆ ತಿಳಿಯುತ್ತದೆ ಎಂಬರ್ಥದ ಮಾತು ಹೇಳಿದರಂತೆ. ಮೂರನೇ ದರ್ಜೆಯ ರೈಲು ಹತ್ತಿ ದೇಶ ಸುತ್ತಿದವರು ಇದನ್ನು ಆತ್ಮಕಥೆಯಲ್ಲಿ ಬರೆದದ್ದು ಗುರುವಿನ ಬಗ್ಗೆ ಎಷ್ಟೋ ತನ್ನ ಬಗ್ಗೆಯೂ ಅಷ್ಟೇ. ಜೋಹಾನ್ಸ್‌ಬರ್ಗಿನಲ್ಲಿ ಗೋಖಲೆಯವರ ಉತ್ತರೀಯಕ್ಕೆ ಇಸ್ತ್ರಿ ಹಾಕಿದ್ದನ್ನೂ ಬರೆದಿದ್ದಾರೆ. ಅದು ಗೋಖಲೆಯವರ ಗುರು ರಾನಡೆಯವರು ಕೊಟ್ಟದ್ದು, ಬೇರೆಯವರ ಕೈಗೆ ಕೊಡಲು ಗೋಖಲೆಯವರಿಗೆ ಅಂಜಿಕೆ. ರಾನಡೆಯಿಂದ ಗೋಖಲೆಗೆ, ಗೋಖಲೆಯಿಂದ ತನಗೆ: ಪರಂಪರೆಯನ್ನು ಒಂದು ಬಟ್ಟೆಯ ತುಂಡಿನಲ್ಲಿ ಮಡಿಸಿಟ್ಟುಬಿಟ್ಟರು. ಎಂಥ ಬರಹಗಾರ ಈ ಗಾಂಧಿ!

ಆದರೆ ಇದೇ ಗುರು ಗಾಂಧಿಯ ಹಿಂದ್ ಸ್ವರಾಜ್ ಪುಸ್ತಕ ಓದಿ, ಇದು ಅಪಕ್ವ, ಭಾರತದಲ್ಲಿ ಒಂದು ವರ್ಷ ಇದ್ದರೆ ಗಾಂಧಿಯೇ ಇದನ್ನು ಹರಿದುಹಾಕುತ್ತಾರೆ ಎಂದಿದ್ದರು. ಗಾಂಧಿಯ ಕಾರ್ಯದರ್ಶಿ ಮಹದೇವ ದೇಸಾಯಿಯವರೇ ದಾಖಲಿಸಿದ ಮಾತಿದು. ಗಾಂಧಿ ಹರಿದುಹಾಕಲಿಲ್ಲ. ಗೋಖಲೆ 1905ರ ಜೂನ್ 12ರಂದು ಕಟ್ಟಿದ ಭಾರತ ಸೇವಕ ಸಮಾಜಕ್ಕೆ ಸೇರಲು ಗಾಂಧಿ ಬಯಸಿದಾಗ ಅಲ್ಲಿನ ಸದಸ್ಯರು ಹಿಂದೆಮುಂದೆ ನೋಡಿದರು, ಕೊನೆಗೆ ಗಾಂಧಿಯೇ ಅರ್ಜಿ ವಾಪಸು ಪಡೆದರು. ಇತ್ತ ಜಿನ್ನಾ ತಾನು ಮುಸಲ್ಮಾನ ಗೋಖಲೆ ಆಗಬೇಕು ಎನ್ನುತ್ತಿದ್ದರು. ಇಬ್ಬರೂ ಆಸೆಪಟ್ಟದ್ದು ಒಬ್ಬನೇ ಗೋಖಲೆಯನ್ನೇ? ಗಾಂಧಿ ತೆಗೆದುಕೊಂಡದ್ದು ರಾಜಕೀಯದಲ್ಲಿ ವ್ರತ, ಜಿನ್ನಾ ತೆಗೆದುಕೊಂಡದ್ದು ಶಾಸನಸಭೆಯ ವಾದ. ಶಿಷ್ಯರ ಬಾಯಿಂದ ಗುರುವನ್ನು ಅಳೆಯುವ ಪುಸ್ತಕ ನಿಮಗೆ ಅರ್ಧ ಗೋಖಲೆಯನ್ನು ಮಾತ್ರ ಕೊಡುತ್ತದೆ. ಭಾರತ ಸೇವಕ ಸಮಾಜದ ಅಧ್ಯಕ್ಷರಾಗಿ ಗೋಖಲೆಯವರ ಜಾಗಕ್ಕೆ ಬಂದ ಶ್ರೀನಿವಾಸ ಶಾಸ್ತ್ರಿಗಳು ಬರೆದ ಜೀವನ ಚರಿತ್ರೆ 1937ರಲ್ಲಿ ಬೆಂಗಳೂರಿನಲ್ಲೇ ಅಚ್ಚಾಯಿತು. ಕಣ್ಣಾರೆ ಕಂಡವರ ಬರಹ, ಅದಕ್ಕೆ ಬೆಲೆಯಿದೆ. ಆದರೆ ಬರೆದವರು ಉತ್ತರಾಧಿಕಾರಿ ಎಂಬುದನ್ನು ಮರೆಯಬೇಡಿ.

ಜೀವನ ಚರಿತ್ರೆ ಬರೆದವರನ್ನೇ ನಂಬಿ ಗೋಖಲೆಯವರು ಏಟು ತಿಂದ ಪ್ರಸಂಗವೂ ಇದೆ, ಅದನ್ನು ಹೇಳದೆ ಬಿಡಲಾರೆ. ಅವರ ಆರಾಧ್ಯ ದೈವ ಹದಿನೆಂಟನೆಯ ಶತಮಾನದ ಬ್ರಿಟಿಷ್ ರಾಜಕಾರಣಿ ಎಡ್ಮಂಡ್ ಬರ್ಕ್. ಬರ್ಕನ ಮೇಲೆ ಬರೆದಿದ್ದ, 1903ರಲ್ಲಿ ಮೂರು ಸಂಪುಟಗಳಲ್ಲಿ ಬ್ರಿಟಿಷ್ ಪ್ರಧಾನಿಯಾಗಿದ್ದ ಗ್ಲ್ಯಾಡ್‌ಸ್ಟನ್ ಜೀವನವನ್ನು ಬರೆದಿದ್ದ ಜಾನ್ ಮಾರ್ಲೆ 1905ರ ಕೊನೆಗೆ ಭಾರತ ಸಚಿವನಾದ. ಐರ್ಲೆಂಡಿಗೆ ಸ್ವಯಮಾಡಳಿತ ಬೇಕೆಂದ ಪಕ್ಷದವನು, ಸ್ವಾತಂತ್ರ್ಯದ ಬಗ್ಗೆ ಪುಟಗಟ್ಟಲೆ ಬರೆದವನು, ಇವನಿಂದ ಆಗದೆ ಇನ್ಯಾರಿಂದ ಎಂದು ಗೋಖಲೆ ಲಂಡನ್ನಿಗೆ ಹೋಗಿ ಮತ್ತೆ ಮತ್ತೆ ಭೇಟಿಯಾದರು. ಕೆನಡಾದಂಥ ಸ್ವಯಮಾಡಳಿತ ಭಾರತಕ್ಕೂ ಬೇಕು ಎಂದವರನ್ನು, ಕೆನಡಾದಲ್ಲಿ ತುಪ್ಪಳದ ಕೋಟು ಬೇಕೆಂದು ದಖನ್ನಿನಲ್ಲೂ ಅದನ್ನೇ ಹಾಕಿಕೊಳ್ಳುತ್ತೀರಾ ಎಂದು ಮಾರ್ಲೆ 1907ರ ಭಾಷಣವೊಂದರಲ್ಲಿ ಗೇಲಿ ಮಾಡಿದ. 1908ರ ಡಿಸೆಂಬರಿನಲ್ಲಿ, ಶಾಸನಸಭೆಗಳಿಗೆ ತಾನು ತರುತ್ತಿರುವ ಸುಧಾರಣೆಗಳು ಭಾರತದಲ್ಲಿ ಪಾರ್ಲಿಮೆಂಟಿಗೆ ದಾರಿಯಾಗುವುದಾದರೆ ತನಗೂ ಇದಕ್ಕೂ ಸಂಬಂಧವಿಲ್ಲ ಎಂದು ಲಾರ್ಡ್ಸ್ ಸಭೆಯಲ್ಲೇ ಹೇಳಿದ. ದಖನ್ನಿನ ಮನುಷ್ಯ ಗೋಖಲೆ ಆ ಕೋಟಿನ ಮಾತನ್ನು ಹೇಗೆ ನುಂಗಿಕೊಂಡರೋ! ಮಹಾಪುರುಷರ ಜೀವನ ಬರೆಯುವವನು ಅವರಂತೆ ನಡೆಯುತ್ತಾನೆ ಎಂಬುದಕ್ಕೆ ಖಾತ್ರಿಯಿಲ್ಲ.

ಸೋಲುಗಳ ಪೈಕಿ ಒಂದನ್ನು ಮಾತ್ರ ಹೇಳುತ್ತೇನೆ. 1911ರ ಮಾರ್ಚ್ 16ರಂದು ಗೋಖಲೆ ಪ್ರಾಥಮಿಕ ಶಿಕ್ಷಣ ಮಸೂದೆ ತಂದರು. ಆರರಿಂದ ಹತ್ತು ವರ್ಷದ ಗಂಡುಮಕ್ಕಳಿಗೆ ಕಡ್ಡಾಯ ಓದು, ಅದೂ ಸ್ಥಳೀಯ ಸಂಸ್ಥೆಗಳು ಬಯಸಿದ ಕಡೆ ಮಾತ್ರ. ಇಷ್ಟು ಸಣ್ಣ ಬೇಡಿಕೆ. 1912ರ ಮಾರ್ಚ್ 19ರಂದು 38ಕ್ಕೆ 13 ಮತಗಳಿಂದ ಬಿದ್ದುಹೋಯಿತು. ನಮ್ಮ ತಲೆಮಾರು ಸೋಲುಗಳಿಂದಲೇ ದೇಶಸೇವೆ ಮಾಡಬೇಕು ಎಂಬ ಅವರ ಪ್ರಸಿದ್ಧ ಮಾತು ಆ ಸಂದರ್ಭದ್ದು. ಮರುವರ್ಷವೇ, 1913ರಲ್ಲಿ, ವಿಶ್ವೇಶ್ವರಯ್ಯನವರು ದಿವಾನರಾಗಿದ್ದಾಗ ಮೈಸೂರಿನಲ್ಲಿ ಪ್ರಾಥಮಿಕ ಶಿಕ್ಷಣದ ಕಾಯಿದೆ ಬಂತು. ಬ್ರಿಟಿಷರ ಸಭೆಯಲ್ಲಿ ಬಿದ್ದದ್ದು ಸಂಸ್ಥಾನದಲ್ಲಿ ಎದ್ದಿತು. ನಿಮ್ಮ ಮಗಳು ಪ್ರಬಂಧಕ್ಕೆ ವಿಷಯ ಹುಡುಕುತ್ತಿದ್ದರೆ ಇದನ್ನು ನೋಡಲಿ.

ತಿಲಕರ ಕಾಲಿಗೆ ತೊಡರಾದರು ಎಂಬ ಮಾತಿಗೆ ತಿಲಕರಿಂದಲೇ ಉತ್ತರ ಸಿಗುತ್ತದೆ ಎಂದು ಕೆಲವರು ಹೇಳುತ್ತಾರೆ. 1915ರ ಫೆಬ್ರವರಿ 19ರಂದು, ನಲವತ್ತೆಂಟರ ವಯಸ್ಸಿನಲ್ಲಿ ಗೋಖಲೆ ತೀರಿಕೊಂಡಾಗ ತಿಲಕರು ಸಿಂಹಗಡದಿಂದ ಇಳಿದು ಬಂದು ಸ್ಮಶಾನದಲ್ಲಿ ಮಾತಾಡಿದರು. ಭಾರತದ ವಜ್ರ, ಮಹಾರಾಷ್ಟ್ರದ ರತ್ನ ಎಂದರು. ಪ್ರತಿಯೊಂದು ಪುಸ್ತಕದಲ್ಲೂ ಇದು ಇದೆ, ಎಲ್ಲರೂ ಇಲ್ಲಿ ಕಣ್ಣೊರೆಸಿಕೊಳ್ಳುತ್ತಾರೆ. ಆದರೆ ಮಂದಗಾಮಿ, ತೀವ್ರಗಾಮಿ ಎಂದು ಒಡೆದಿದ್ದ ಕಾಂಗ್ರೆಸ್ಸಿನ ಎರಡು ಬಣಗಳನ್ನು ಕೂಡಿಸುವ ಮಾತುಕತೆ ಮುರಿದುಬಿದ್ದು ಇಬ್ಬರ ನಡುವೆ ಕಹಿ ಕಾರಿದ್ದು ಅದಕ್ಕೆ ಕೆಲವೇ ವಾರ ಮೊದಲು. ಸ್ಮಶಾನದ ಮಾತು ಸುಳ್ಳು ಎನ್ನುತ್ತಿಲ್ಲ. ಹೆಣದ ಮುಂದಿನ ಮಾತನ್ನು ಒಂದು ಜಗಳದ ತೀರ್ಪಾಗಿ ಬಳಸಬಾರದು ಎನ್ನುತ್ತಿದ್ದೇನೆ. ಸೂರತ್ತಿನಲ್ಲಿ ಕಾಂಗ್ರೆಸ್ ಒಡೆದದ್ದು, 1908ರಲ್ಲಿ ತಿಲಕರಿಗಾದ ಸಜೆ, ಮಾಂಡಲೆಯ ಸೆರೆವಾಸ, ಇದೆಲ್ಲ ಇಬ್ಬರು ಗಂಭೀರ ಮನುಷ್ಯರ ನಡುವಿನ ನಿಜವಾದ ಜಗಳದ ಭಾಗ. ಶಾಸನಸಭೆಯೊಳಗಿನಿಂದ ಒಂದೊಂದೇ ಇಟ್ಟಿಗೆ ಕೀಳಬಹುದು ಎಂದು ಒಬ್ಬರು ನಂಬಿದ್ದರು, ಹೊರಗೆ ಜನ ನಿಲ್ಲದಿದ್ದರೆ ಒಳಗಿನ ಮಾತನ್ನು ಯಾರೂ ಕೇಳುವುದಿಲ್ಲ ಎಂದು ಇನ್ನೊಬ್ಬರು ನಂಬಿದ್ದರು.

ಮಗಳಿಗೆ ಏನು ಕೊಡಲಿ ಎಂದಿರಲ್ಲ. ಮೊದಲು ಆ 1902ರ ಬಜೆಟ್ ಭಾಷಣ ಕೊಡಿ. ಗೋಖಲೆಯವರ ಭಾಷಣ ಸಂಕಲನಗಳು ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಸಿಗಬೇಕು. ಬ್ಯಾಂಕಿನಲ್ಲಿ ಕೆಲಸ ಮಾಡಿದ ನೀವು ಜತೆಗೆ ಕೂತು ಆ ರೂಪಾಯಿ, ಶಿಲಿಂಗಿನ ಲೆಕ್ಕ ಬಿಡಿಸಿ ಹೇಳಬಹುದು, ನನಗಿಂತ ಚೆನ್ನಾಗಿ. ಆಮೇಲೆ ನಿಮ್ಮ ಎರಡೂ ಪುಸ್ತಕಗಳನ್ನು ಒಟ್ಟಿಗೆ ಕೊಟ್ಟು, 1897 ಎಲ್ಲಿದೆ, ಎಷ್ಟು ಪುಟ ಇದೆ ಎಂದು ಅವಳಿಗೇ ಎಣಿಸಲು ಹೇಳಿ. ಇಂಗ್ಲಿಷ್ ಓದುತ್ತಾಳಾದರೆ ತಿಲಕ, ಗೋಖಲೆ ಇಬ್ಬರನ್ನೂ ಒಂದೇ ಪುಸ್ತಕದಲ್ಲಿ ಎದುರುಬದುರು ಕೂರಿಸಿ ಸ್ಟ್ಯಾನ್ಲಿ ವೋಲ್ಪರ್ಟ್ 1962ರಲ್ಲಿ ಬರೆದದ್ದಿದೆ, ಬಿ.ಆರ್. ನಂದಾ 1977ರಲ್ಲಿ ಬರೆದದ್ದಿದೆ. ನನಗೆ ನಂದಾ ಹೆಚ್ಚು ಇಷ್ಟ. ಆದರೆ ನಾನು ಬಸವನಗುಡಿಯವನು ಎಂದು ಆಗಲೇ ಹೇಳಿದ್ದೇನೆ.